ದನಿಗಾಣದ ಊರಿನಲ್ಲಿ

ಈ ಊರನ್ನು ನಕ್ಷೆಯಲ್ಲಿ ಹುಡುಕಬೇಡಿ, ಸಿಗುವುದಿಲ್ಲ. ಕಲ್ಪನೆಯ ಗಡಿ ದಾಟಿ ಬೆಟ್ಟ ಹತ್ತಿ ಇಳಿದರೆ ಕಣಿವೆಯ ತಳದಲ್ಲಿದೆ. ದಾರಿಯ ಬಗ್ಗೆ ಹೇಳುವಂಥದ್ದೇನಿಲ್ಲ, ಬರೀ ಏರು, ಇಳಿಜಾರು. ಊರು ಹತ್ತಿರವಾಗುತ್ತಿದ್ದಂತೆ ಒಂದು ಹೊಳೆ ಎದುರಾಯಿತು. ನೀರು ಬಂಡೆಯಿಂದ ಬಂಡೆಗೆ ನೊರೆಯೆಬ್ಬಿಸಿಕೊಂಡು ಧುಮುಕುತ್ತಿದೆ, ಒಂದಿಷ್ಟೂ ಸದ್ದಿಲ್ಲ. ದಡದಲ್ಲಿ ಬಟ್ಟೆ ಒಗೆಯುತ್ತಿದ್ದವನನ್ನು ಕೇಳಿದೆ. "ಅದರ ದನಿ ಗಾಣಕ್ಕೆ ಹೋಗಿದೆ, ಸಂಜೆಗೆ ಬರುತ್ತೆ" ಎಂದ, ಎತ್ತನ್ನು ಲಾಳ ಕಟ್ಟಿಸಲು ಕಳಿಸಿದವನ ಹಾಗೆ.

ಗಾಣ ಇರುವುದು ಊರ ನಡುವಿನ ಕಲ್ಲಿನ ಹಜಾರದಲ್ಲಿ. ಒಳಗೆ ಕಾಲಿಟ್ಟರೆ ಮೊದಲು ಕಾಣುವುದು ಅದರ ಬಾಯಿ. ಆಳೆತ್ತರದ ತಾಮ್ರದ ಕಹಳೆ, ಹಿಂದಕ್ಕೆ ಹೋದಂತೆ ಕಿರಿದಾಗುತ್ತಾ ಬೆರಳಿನ ಗಾತ್ರಕ್ಕೆ ಇಳಿಯುತ್ತದೆ. ಆ ತುದಿಗೆ ತೆಳು ಚರ್ಮ ಬಿಗಿದು, ಅದರ ನಡುವೆ ಹಂದಿಯ ಬಿರುಗೂದಲೊಂದನ್ನು ಅಂಟಿಸಿದ್ದಾರೆ. ಕೂದಲಿನ ಕೆಳಗೆ ಮೇಣದ ಉರುಳೆ. ಸದ್ದು ಬಂದರೆ ಚರ್ಮ ಅದುರುತ್ತದೆ, ಕೂದಲು ಮೇಣದ ಮೇಲೆ ಗೀರುತ್ತದೆ.

ಇಷ್ಟು ನೋಡಿ ನನಗೆ ಅಚ್ಚರಿಯಾಗಲಿಲ್ಲ. ನಮ್ಮ ಲೋಕದಲ್ಲೂ 1857ರಲ್ಲಿ ಪ್ಯಾರಿಸ್ಸಿನ ಎದುವಾರ್ ಲಿಯೋನ್ ಸ್ಕಾಟ್ ಎಂಬಾತ ಮಸಿ ಹಿಡಿಸಿದ ಕಾಗದದ ಮೇಲೆ ಹೀಗೇ ದನಿಯ ಗೆರೆ ಎಳೆಸಿದ್ದ. ಗೆರೆಯನ್ನು ತಿರುಗಿ ದನಿ ಮಾಡುವ ದಾರಿ ಅವನ ಯಂತ್ರಕ್ಕಿರಲಿಲ್ಲ. ಹಿಡಿದ ದನಿಯನ್ನು ಮತ್ತೆ ಕೇಳಿಸಿದ್ದು 1877ರಲ್ಲಿ ಎಡಿಸನ್, ತವರದ ಹಾಳೆಯ ಮೇಲೆ ಗೀರಿಸಿ.

ಆದರೆ ನಮ್ಮ ಯಂತ್ರಗಳೆಲ್ಲ ದನಿಯ ನಕಲು ತೆಗೆಯುವಂಥವು. ಇದು ದನಿಯನ್ನೇ ತೆಗೆದುಕೊಂಡುಬಿಡುತ್ತದೆ. ಗಂಟೆಯ ನಾದ ಉರುಳೆಗೆ ಹತ್ತಿತೆಂದರೆ ಆಮೇಲೆ ಎಷ್ಟು ಬಡಿದರೂ ಗಂಟೆ ಮೂಕ. ಮೇಣ ಕರಗಿಸಿದರೆ ಮಾತ್ರ ವಾಪಸ್ಸು. ಹಾಗಾಗಿ ಕಟ್ಟುಪಾಡುಗಳಿವೆ. ತಂದ ದನಿಯನ್ನು ಹೊತ್ತು ಮುಳುಗುವುದರೊಳಗೆ ಹಿಂದಿರುಗಿಸಬೇಕು. ಮನುಷ್ಯರ ದನಿಯನ್ನು ಗಾಣಕ್ಕೆ ಹಾಕುವಂತೆಯೇ ಇಲ್ಲ, ಅವರೇ ಬಂದು ಕಾಲಿಗೆ ಬಿದ್ದರೂ. ಬೀಳುವವರೂ ಇದ್ದಾರಂತೆ, ಹಾಡುಗಾರರೇ ಹೆಚ್ಚು.

ಗಾಣ ನಡೆಸುವ ಅಜ್ಜಿಯ ಬೆನ್ನ ಹಿಂದೆ ಗೋಡೆಯುದ್ದಕ್ಕೂ ಮಡಕೆಗಳ ಸಾಲು. ಹೊಟ್ಟೆ ದೊಡ್ಡದಾದಷ್ಟೂ ಬಾಯಿ ಕಿರಿದಾದಷ್ಟೂ ಮಡಕೆ ಹಿಡಿಯುವ ಶ್ರುತಿ ತಗ್ಗು. 19ನೇ ಶತಮಾನದಲ್ಲಿ ಜರ್ಮನಿಯ ವಿಜ್ಞಾನಿ ಹೆಲ್ಮ್‌ಹೋಲ್ಟ್ಸ್ ಇಂಥವೇ ಟೊಳ್ಳು ಗುಂಡುಗಳನ್ನು ಕಿವಿಗಿಟ್ಟುಕೊಂಡು, ಒಂದು ನಾದದೊಳಗೆ ಬೆರೆತ ಶ್ರುತಿಗಳನ್ನು ಒಂದೊಂದಾಗಿ ಹೆಕ್ಕುತ್ತಿದ್ದ. ಇಲ್ಲಿ ಮಡಕೆಯ ಮುಚ್ಚಳ ತೆಗೆದರೆ ಅದು ತನ್ನ ಪಾಲಿನ ಶ್ರುತಿಯನ್ನು ನುಂಗುತ್ತದೆ.

ಅವತ್ತು ಹೊಳೆಯ ದನಿ ತರಿಸಿದ್ದು ದಡದ ಮನೆಯ ಬಾಣಂತಿ. "ರಾತ್ರಿಯೆಲ್ಲ ನೀರು ಚೀರಿದ ಹಾಗೆ ಕೇಳುತ್ತೆ ಅಜ್ಜಿ, ಮಗು ಬೆಚ್ಚಿಬೀಳುತ್ತೆ. ಪೂರ್ತಿ ಇಳಿಸಿಬಿಡಿ."

"ಪೂರ್ತಿ ಇಳಿಸಿದ್ರೆ ನೀರೇರಿ ಬಾಗಿಲಿಗೆ ಬಂದಾಗ ನಿನಗೆ ಹೇಗೆ ಗೊತ್ತಾಗಬೇಕವ್ವಾ?"

ಅಜ್ಜಿ ಉರುಳೆಯನ್ನು ಮೆಲ್ಲಗೆ ತಿರುಗಿಸಿದರು. ಹಜಾರದ ತುಂಬ ಹೊಳೆ ಹರಿಯಿತು. ಸಣ್ಣ ಮಡಕೆಗಳ ಮುಚ್ಚಳ ಒಂದೊಂದೇ ತೆಗೆಯುತ್ತಾ ಹೋದಂತೆ ಮೇಲಿನ ಸೀಳುದನಿ ಅಳಿದು ಕಲ್ಲುಗಳ ನಡುವಿನ ಗುಳುಗುಳು ಮಾತ್ರ ಉಳಿಯಿತು. ನನಗಂತೂ ಹಿತವೆನಿಸಿತು. ಅಜ್ಜಿ ಮುಖ ಸಿಂಡರಿಸಿದರು. "ಕೊಳದ ನೀರಾಯ್ತಲ್ಲ ಇದು" ಎನ್ನುತ್ತಾ ಲಿಂಬೆ ಗಾತ್ರದ ಮಡಕೆಯೊಂದರ ಮುಚ್ಚಳವನ್ನು ಉಗುರಿನಿಂದ ಅರ್ಧಕ್ಕೆ ಎಳೆದರು. ಎಲ್ಲೋ ಒಂದು ಚೂರು ಸೀಳು ಮರಳಿ ಬಂತು, ಅದರೊಂದಿಗೆ ನೀರಿಗೆ ಓಟವೂ ಬಂತು. ದನಿಯನ್ನು ಹಿಡಿಯಲು ಕಹಳೆಯೊಂದಿದ್ದರೆ ಸಾಕು, ಯಾರು ಬೇಕಾದರೂ ಹಿಡಿದಾರು. ಈ ಅರ್ಧ ಮುಚ್ಚಳ ಮಾತ್ರ ಎಲ್ಲರ ಕೈಲಾಗುವ ಕೆಲಸವಲ್ಲ.

"ಇಷ್ಟೆಲ್ಲ ಏಕೆ, ಉರುಳೆಯನ್ನೇ ನಿಧಾನ ತಿರುಗಿಸಿದರೆ ಶ್ರುತಿ ಇಳಿಯುವುದಿಲ್ಲವೇ?" ಎಂದೆ. ಇಳಿಯುತ್ತದೆ, ಜೊತೆಗೆ ಹೊಳೆಯ ಓಟವೂ ಇಳಿಯುತ್ತದೆ ಎಂದು ತಿರುಗಿಸಿ ತೋರಿಸಿದರು. ಅರ್ಧ ವೇಗಕ್ಕೆ ಶ್ರುತಿ ಸರಿಯಾಗಿ ಒಂದು ಸ್ಥಾಯಿ ಕೆಳಗೆ, ನೀರು ಮಾತ್ರ ತೆವಳತೊಡಗಿತು. ಸ್ಕಾಟ್ 1860ರಲ್ಲಿ ಗೀರಿಸಿದ ಹಾಡಿನ ತುಣುಕನ್ನು 2008ರಲ್ಲಿ ಕಂಪ್ಯೂಟರ್ ನೆರವಿನಿಂದ ಕೇಳಿಸಿದಾಗ ಹುಡುಗಿಯೊಬ್ಬಳು ಹಾಡಿದಂತಿತ್ತು. ವೇಗ ದುಪ್ಪಟ್ಟಾಗಿತ್ತೆಂದು ಆಮೇಲೆ ತಿಳಿಯಿತು, ಸರಿಪಡಿಸಿದರೆ ಗಂಡಸಿನ ದನಿ. ಇದನ್ನು ಹೇಳಿದ್ದಕ್ಕೆ ಅಜ್ಜಿ ಬಿದ್ದು ಬಿದ್ದು ನಕ್ಕರು.

ಸಂಜೆ ಹೊಳೆದಂಡೆಯಲ್ಲಿ ಮೇಣ ಕರಗಿಸಿದರು. ಮೇಲಿನ ಬಂಡೆಯಿಂದ ಶುರುವಾಗಿ ದನಿ ಇಳಿಯುತ್ತಾ ಬಂದು ನಮ್ಮನ್ನು ದಾಟಿ ಹೋಯಿತು. ಬಾಣಂತಿ ಬಾಗಿಲಲ್ಲೇ ನಿಂತು ಕೇಳಿಸಿಕೊಂಡು, "ಇನ್ನೊಂಚೂರು ಇಳಿಸಬಹುದಿತ್ತು" ಎಂದಳು. "ಮಳೆಗಾಲ ಕಳೀಲಿ, ಆಮೇಲೆ ನೋಡೋಣ."

ಹಜಾರದ ಹೊರಗೆ ಸಾಲಂಗಡಿಗಳಲ್ಲಿ ಗುಡುಗಿಗೆ ಕೋಗಿಲೆ ಬೆರೆಸಿದ ಮೇಣದ ಗುಂಡುಗಳನ್ನು ಮಾರುತ್ತಾರೆ. ಬಂದವರೆಲ್ಲ ಅದಕ್ಕೇ ಮುಗಿಬೀಳುತ್ತಾರೆ. ಒಂದನ್ನು ಕೇಳಿ ನೋಡಿದೆ, ಸಾಕಾಯಿತು. ಅದಕ್ಕಿಂತ ಗಾಣದ ಹಿಂಡಿ ನೋಡುವಂಥದ್ದು. ಮಡಕೆಗಳು ನುಂಗಿದ ಸೀಳುದನಿಯೆಲ್ಲ ತಳದಲ್ಲಿ ಬೂದು ಉಂಡೆಯಾಗಿ ಕೂತಿರುತ್ತದೆ. ರೈತರು ಅದನ್ನು ಒಯ್ದು ಬದುವಿನ ಮೇಲಿಡುತ್ತಾರೆ. ಬಿಸಿಲು ತಾಗಿದ್ದೇ ತಡ ಉಂಡೆ ಕರಗಿ ಚೀರುತ್ತದೆ, ಕಾಡುಹಂದಿಗಳು ದಿಕ್ಕಾಪಾಲು.

ಹೋಗುವವರು ಚಳಿಗಾಲದಲ್ಲೇ ಹೋಗಿ. ಬೇಸಿಗೆಯಲ್ಲಿ ಮೇಣ ನಿಲ್ಲುವುದಿಲ್ಲ, ಗಾಣಕ್ಕೆ ಬೀಗ. ಉಳಿದುಕೊಳ್ಳಲು ಹೊಲದ ಕಡೆಗಿನ ಕೋಣೆ ಕೊಟ್ಟರೆ ಬೇಡವೆನ್ನಿ. ಬೆಳಗ್ಗೆ ಹಂದಿಗಳ ಜೊತೆ ನೀವೂ ಎದ್ದು ಓಡಬೇಕಾಗುತ್ತದೆ.