ಹಚ್ಚಿದ್ದು ಗೊತ್ತಾಗಬಾರದು

"ಹಚ್ಚಿದ್ದು ಗೊತ್ತಾಗಬಾರದು ಕಣೇ. ಆದ್ರೆ ಹಚ್ಚಿದ ಹಾಗಿರಬೇಕು."

ಮಂಗಳವಾರ ಸಂಜೆ ಅಮ್ಮ ನನ್ನ ಕೋಣೆಗೆ ಬಂದು, ಬಾಗಿಲು ಹಾಕಿ, ಚಿಲಕ ಸರಿಯಾಗಿ ಬಿದ್ದಿದೆಯಾ ಅಂತ ಒಮ್ಮೆ ಎಳೆದು ನೋಡಿ ಹೇಳಿದ ಮಾತು ಇದು. ಇಷ್ಟು ಭದ್ರ ಮಾಡಿಕೊಳ್ಳುತ್ತಿದ್ದಾಳೆ ಅಂದರೆ ಯಾರಿಗೋ ಏನೋ ಆಗಿದೆ ಅಂತ ನನ್ನ ಎದೆ ಧಸಕ್ಕೆಂದಿತ್ತು. ನೋಡಿದರೆ ಲಿಪ್‌ಸ್ಟಿಕ್.

ಭಾನುವಾರ ಅವಳ ಶಾಲೆಯ ಗೆಳತಿಯರೆಲ್ಲ ಸೇರುವುದಿತ್ತು. ಒಬ್ಬರ ಮುಖ ಒಬ್ಬರು ನೋಡಿ 40 ವರ್ಷಕ್ಕೂ ಜಾಸ್ತಿ ಆಗಿದೆ. ಅಮ್ಮನಿಗೀಗ 64. ಇಲ್ಲಿಯವರೆಗೆ ಒಂದು ದಿನವೂ ತುಟಿಗೆ ಬಣ್ಣ ತಾಗಿಸಿದವಳಲ್ಲ. ನಾನು ಹಚ್ಚಿಕೊಂಡಾಗ ಬೈದವಳೂ ಅಲ್ಲ, ಹೊಗಳಿದವಳೂ ಅಲ್ಲ. ಒಂದು ಸಲ ನೋಡಿ ಆಮೇಲೆ ಕಿಟಕಿಯ ಕಡೆ ನೋಡುತ್ತಿದ್ದಳು, ಅಷ್ಟೇ.

"ಐದು ನಿಮಿಷದ ಕೆಲಸ, ಕೂತ್ಕೋ" ಅಂದೆ. ನನ್ನ ಹತ್ತಿರ 11 ಲಿಪ್‌ಸ್ಟಿಕ್ ಇವೆ. ಹಚ್ಚುವುದು ಮೂರೇ. ಉಳಿದ ಎಂಟೂ ಅಂಗಡಿಯ ಬೆಳಕಿನಲ್ಲಿ ಒಂದು ಬಣ್ಣ, ಮನೆಗೆ ಬಂದ ಮೇಲೆ ಇನ್ನೊಂದು ಬಣ್ಣ ತೋರಿಸಿ ಮೂಲೆ ಸೇರಿದಂಥವು. 11ರಲ್ಲಿ ಒಂದಾದರೂ ಹೊಂದಲ್ವಾ ಅಂದುಕೊಂಡೆ. ಮೂರು ಸಂಜೆ ಹಿಡಿಯಿತು.

ಮೊದಲು ತೆಗೆದದ್ದು ನನ್ನ ತಿಳಿ ಗುಲಾಬಿ ನ್ಯೂಡ್. ಗೊತ್ತಾಗಬಾರದು ಅಂದಳಲ್ಲ, ಇದೇ ಸರಿ ಅನ್ನಿಸಿತು. ಹಚ್ಚಿ ಕನ್ನಡಿ ಹಿಡಿದೆ. ಅಮ್ಮ ತನ್ನನ್ನೇ ಸ್ವಲ್ಪ ಹೊತ್ತು ನೋಡಿಕೊಂಡು, "ಸುಣ್ಣದ ಡಬ್ಬಿಗೆ ಬಾಯಿ ಹಾಕಿದ ಹಾಗಿದೆ" ಅಂದಳು. ಸುಳ್ಳೇನಲ್ಲ. ಅವಳ ತುಟಿಯ ಅಂಚು ಗಾಢ ಕಂದು, ನಡುವೆ ಮಾತ್ರ ಒಂಚೂರು ಗುಲಾಬಿ. ಅದರ ಮೇಲೆ ಈ ಬಣ್ಣ ಬೂದಿಯ ಹಾಗೆ ಕೂತಿತ್ತು.

ಡಬ್ಬಿಯ ಹಿಂದಿನ ಸಣ್ಣ ಅಕ್ಷರಗಳನ್ನು ಓದುವ ಚಟ ನನಗೆ ಮೊದಲಿಂದಲೂ ಇದೆ. ಅಲ್ಲಿ ಬಣ್ಣಗಳಿಗೆ ಹೆಸರಿರುವುದಿಲ್ಲ, ನಂಬರ್ ಇರುತ್ತದೆ. 77891 ಅಂದರೆ ಟೈಟಾನಿಯಂ ಡೈಆಕ್ಸೈಡ್, ಬಿಳಿ. 77491, 77492, 77499 ಅಂದರೆ ಐರನ್ ಆಕ್ಸೈಡ್‌ಗಳು: ಕೆಂಪು, ಹಳದಿ, ಕಪ್ಪು. ತುಕ್ಕಿನ ನೆಂಟರು ಅನ್ನಬಹುದು. ನ್ಯೂಡ್ ಅಂತ ಬರುವ ತಿಳಿ ಬಣ್ಣಗಳಲ್ಲಿ ಈ ಬಿಳಿಯೇ ಜೋರು. ಅದು ಕೆಳಗಿನದನ್ನೆಲ್ಲ ಮುಚ್ಚಿಹಾಕುತ್ತದೆ. ತುಟಿಯ ಬಣ್ಣಕ್ಕಿಂತ ತೆಳುವಾದದ್ದನ್ನು ಮೆತ್ತಿದರೆ ಮುಖ ಜ್ವರದಿಂದ ಎದ್ದ ಹಾಗೆ ಕಾಣುವುದು ಇದಕ್ಕೇ. ನ್ಯೂಡ್ ಅಂದರೆ ಯಾರ ಚರ್ಮದ ಬಣ್ಣ ಅಂತ ಆ ಡಬ್ಬಿಯ ಮೇಲೆ ಎಲ್ಲೂ ಬರೆದಿರಲಿಲ್ಲ. ಅಮ್ಮನದ್ದಂತೂ ಅಲ್ಲ. ನಿಜ ಹೇಳಬೇಕೆಂದರೆ ನನ್ನದೂ ಅಲ್ಲ, ಆದರೂ ಎರಡು ವರ್ಷ ಹಚ್ಚಿದ್ದೇನೆ.

ಎರಡನೆಯದು ಇಟ್ಟಿಗೆ ಕೆಂಪು. ಟ್ಯೂಬ್‌ಲೈಟಿನ ಕೆಳಗೆ ಚೆನ್ನಾಗಿಯೇ ಕಂಡಿತು. "ಕಿಟಕಿ ಹತ್ರ ಬಾ, ಹಗಲ ಬೆಳಕಲ್ಲಿ ನೋಡೋಣ" ಅಂದೆ. ಬರಲಿಲ್ಲ. ಯಾರಾದರೂ ನೋಡಿದರೆ? ಕೊನೆಗೆ ಕಿಟಕಿಯ ಪರದೆ ಎಳೆದು, ಒಂದು ಗೇಣು ಮಾತ್ರ ಬಿಟ್ಟು, ಆ ಸಂದಿಯ ಬೆಳಕಿಗೆ ಮುಖ ಒಡ್ಡಿದಳು. ಕಿತ್ತಳೆ. ಅಚ್ಚ ಕಿತ್ತಳೆ. ಕರ್ಚೀಫಿನಿಂದ ಒಂದೇ ಸಲಕ್ಕೆ ಒರೆಸಿಕೊಂಡು, "ಬೇಡ ಬಿಡೇ, ನನಗಲ್ಲ ಇದೆಲ್ಲ" ಅಂದಳು. ಅಂದಳೇ ಹೊರತು ಏಳಲಿಲ್ಲ. ಹಾಗೇ ಕೂತಿದ್ದಳು.

ಆಮೇಲೆ ಕೇಳದೆಯೇ ಒಂದು ವಿಷಯ ಹೇಳಿದಳು. ಅವಳ ತರಗತಿಯಲ್ಲಿ ಒಬ್ಬಳಿದ್ದಳಂತೆ, ಏನೂ ಹಚ್ಚದೆಯೇ ತುಟಿ ಕೆಂಪು. "ಅವಳೂ ಬರ್ತಾಳೆ" ಅಂದಳು. ಅಮ್ಮನ ಬಾಯಲ್ಲಿ ಇಷ್ಟು ವರ್ಷ ಆ ಹುಡುಗಿಯ ಸುದ್ದಿಯೇ ಬಂದಿರಲಿಲ್ಲ. ಆ ಕೆಂಪು ಮಾತ್ರ ಎಲ್ಲೋ ಜೋಪಾನವಾಗಿ ಉಳಿದಿತ್ತು.

ಅಲ್ಲಿಗೆ ನನಗೂ ಹಟ ಬಂತು. ಇರುವ ಬಣ್ಣ ಹೊಂದದಿದ್ದರೆ ಬೆರೆಸಬೇಕು. ಈ ವಿಷಯದಲ್ಲಿ ನಾನು ಹಳೇ ಅಪರಾಧಿ. ಕಾಲೇಜಿನ ದಿನಗಳಲ್ಲಿ ಲಿಪ್‌ಸ್ಟಿಕ್ ಕರಗಿಸಿ ಅಡುಗೆಗೆ ಹಾಕುವ ಕೆಂಪು ಬಣ್ಣದ ನಾಲ್ಕು ಹನಿ ಬಿಟ್ಟಿದ್ದೆ. ಬೆರೆಯಲಿಲ್ಲ. ಹನಿಹನಿಯಾಗಿ ಕೂತು ನನ್ನನ್ನೇ ಅಣಕಿಸುತ್ತಿತ್ತು. ಬೆರೆಯುವುದಾದರೂ ಹೇಗೆ? ಲಿಪ್‌ಸ್ಟಿಕ್ ಅಂದರೆ ಮೇಣ, ಎಣ್ಣೆ, ಅದರೊಳಗೆ ಅರೆದ ಬಣ್ಣ. ಎಣ್ಣೆ ಹೆಚ್ಚಾಗಿ ಹರಳೆಣ್ಣೆಯೇ. ಆ ಹನಿಯೋ ಬರೀ ನೀರು.

ಬುಧವಾರ ಅಪ್ಪ ಹೊರಗೆ ಹೋದ ಮೇಲೆ ಕೆಲಸ ಶುರು. ಇಟ್ಟಿಗೆ ಕೆಂಪಿನ ಕಿತ್ತಳೆತನ ಇಳಿಯಬೇಕು. ಬಣ್ಣದ ಚಕ್ರದಲ್ಲಿ ಕಿತ್ತಳೆಗೆ ಎದುರಿನದ್ದು ನೀಲಿ, ಅಂದರೆ ಒಂದು ಚಿಟಿಕೆ ನೀಲಿ ಸಾಕು. ನನ್ನ ಹತ್ತಿರ ನೀಲಿ ಐಶ್ಯಾಡೋ ಇತ್ತು. ಇನ್ನೇನು ಕೆರೆಯಬೇಕು, ಡಬ್ಬಿಯ ಹಿಂದೆ 77007 ಕಂಡಿತು. ಅಲ್ಟ್ರಾಮರೀನ್. ಅಮೆರಿಕದಲ್ಲಿ ಆಹಾರ, ಔಷಧಿ, ಸೌಂದರ್ಯವರ್ಧಕಗಳ ಮೇಲೆ ಕಣ್ಣಿಡುವ ಸರ್ಕಾರಿ ಸಂಸ್ಥೆ ಎಫ್‌ಡಿಎಯ ನಿಯಮದಲ್ಲಿ ಇದನ್ನು ಕಣ್ಣಿನ ಸುತ್ತ ಹಚ್ಚಬಹುದು, ತುಟಿಗೆ ಹಾಗಿಲ್ಲ. ತುಟಿಗೆ ಹಚ್ಚಿದ್ದು ಹೊಟ್ಟೆಗೂ ಹೋಗುತ್ತದಲ್ಲ. ನನ್ನ ತುಟಿಯಾಗಿದ್ದರೆ ಬಹುಶಃ ಪರವಾಗಿಲ್ಲ ಅನ್ನುತ್ತಿದ್ದೆ. ಅಮ್ಮನ ತುಟಿಗೆ ಮನಸ್ಸು ಬರಲಿಲ್ಲ. ನೀಲಿ ಛಾಯೆ ಇರುವ ಇನ್ನೊಂದು ಲಿಪ್‌ಸ್ಟಿಕ್ಕನ್ನೇ ಹುಡುಕಿದೆ. ಮೂಲೆ ಸೇರಿದ್ದರಲ್ಲಿ ಒಂದು ನೇರಳೆ ಹಣ್ಣಿನ ಬಣ್ಣದ್ದು ಸಿಕ್ಕಿತು. ಅದನ್ನು ಹಚ್ಚಿ ಒಂದೇ ಒಂದು ದಿನ ಹೊರಗೆ ಹೋಗಿದ್ದೆ, ಆ ಕಥೆ ಬೇಡ.

ತುದಿಯ ಪದರ ಕೆರೆದು ಬಿಸಾಕಿ, ಒಳಗಿನದ್ದನ್ನು ತೊಳೆದ ಚಾಕುವಿನಿಂದ ಚಮಚಕ್ಕೆ ತೆಗೆದೆ. ಇಟ್ಟಿಗೆ ಕೆಂಪು ಮೂರು ಪಾಲು, ನೇರಳೆ ಒಂದು ಪಾಲು. ಚಮಚವನ್ನು ಬಿಸಿನೀರಿನ ಪಾತ್ರೆಯ ಮೇಲೆ ಹಿಡಿದೆ. ಅಮ್ಮ ಪಕ್ಕದಲ್ಲೇ ನಿಂತು, ಅಡುಗೆಮನೆಯಲ್ಲಿ ನನ್ನ ಕೈಗೆ ಏನು ಸಿಕ್ಕರೂ ನೋಡುವ ಅದೇ ಅನುಮಾನದಿಂದ ನೋಡುತ್ತಿದ್ದಳು. "ಇದರಲ್ಲಿ ಏನೇನು ಹಾಕಿರ್ತಾರೆ?" ಅಂದಳು. ಮೇಣ, ಎಣ್ಣೆ ಅಂದೆ. ನೇರಳೆಯದರ ಪಟ್ಟಿಯಲ್ಲಿ 75470 ಇತ್ತು. ಅದು ಕಾರ್ಮೈನ್. ಕಳ್ಳಿಗಿಡದ ಮೇಲೆ ಬದುಕುವ ಕೊಚಿನೀಲ್ ಅನ್ನುವ ಪುಟ್ಟ ಹುಳುವನ್ನು ಒಣಗಿಸಿ ತೆಗೆಯುವ ಕೆಂಪು. ಬಾಯಿಗೆ ಬಂದಿತ್ತು, ನುಂಗಿಕೊಂಡೆ. ಹೇಳಿದ್ದರೆ ಅವತ್ತಿಗೆ ಎಲ್ಲ ಮುಗಿಯುತ್ತಿತ್ತು. ಆ ಬೆರಕೆಯನ್ನು ಪಕ್ಕಕ್ಕಿಟ್ಟು ಬೇರೆ ಗಾಢ ಬಣ್ಣ ಹುಡುಕಿದೆ. ಹುಳು ಇಲ್ಲದ ಒಂದು ವೈನ್ ಬಣ್ಣ ಸಿಕ್ಕಿತು. ಮತ್ತೆ ಮೊದಲಿಂದ.

ಸಣ್ಣ ಡಬ್ಬಿಗೆ ಸುರಿದು ಫ್ರಿಜ್ಜಿನಲ್ಲಿಟ್ಟೆ. ಗಟ್ಟಿಯಾದ ಮೇಲೆ ನೋಡಿದರೆ ಕರಿ ಕಂದು. ಅಮ್ಮನ ಮುಖ ಸಪ್ಪಗಾಯಿತು. ಡಬ್ಬಿಯಲ್ಲಿ ದಪ್ಪಗೆ ಕೂತ ಬಣ್ಣ ಬೇರೆ, ತೆಳುವಾಗಿ ಎಳೆದಾಗ ಕಾಣುವುದು ಬೇರೆ ಅಂತ ಸಮಾಧಾನ ಹೇಳಿ ಬೆರಳಿನಿಂದ ಸವರಿದೆ. ಮುಂಗೈ ಮೇಲೆ ನೋಡೋಣ ಅಂದಳು. ಮುಂಗೈ ಸುಳ್ಳು ಹೇಳುತ್ತದೆ ಅಮ್ಮ ಅಂದೆ. ತುಟಿಯ ಚರ್ಮ ತುಂಬಾ ತೆಳು, ಒಳಗಿನ ರಕ್ತದ ಬಣ್ಣವೂ ಹೊರಗೆ ಕಾಣುತ್ತದೆ. ಅವಳವಳ ತುಟಿಯ ಮೇಲೆ ಬಣ್ಣ ಅವಳವಳ ಹಾಗೇ ಕಾಣುವುದು.

ಈ ಸಲ ಪರವಾಗಿಲ್ಲ ಅನ್ನಿಸಿತು. ಆದರೆ ಗುರುವಾರ ಹೊಸ ತಕರಾರು. ಭಾನುವಾರಕ್ಕೆ ಅಂತ ಎತ್ತಿಟ್ಟಿದ್ದ ಹಸಿರು ಬಟ್ಟೆಯನ್ನು ಕುತ್ತಿಗೆಗೆ ಹಿಡಿದು ನೋಡಿಕೊಂಡವಳು, "ಏನೇ ಇದು, ನಿನ್ನೆಗಿಂತ ಕೆಂಪಾಗಿದೆ!" ಅಂದಳು. ಡಬ್ಬಿ ಅದೇ, ಬೆರಳು ಅದೇ. ಬಟ್ಟೆ ತೆಗೆದರೆ ಸರಿ. ಹಿಡಿದರೆ ಕೆಂಪು.

ನನಗೆ ಶೆವ್ರಲ್ ನೆನಪಾದ. ಫ್ರಾನ್ಸಿನ ರಸಾಯನ ವಿಜ್ಞಾನಿ. ಪ್ಯಾರಿಸಿನ ಗೋಬೆಲಿನ್ಸ್ ನೇಯ್ಗೆ ಕಾರ್ಖಾನೆಯಲ್ಲಿ ಬಣ್ಣ ಹಾಕುವ ವಿಭಾಗದ ಮುಖ್ಯಸ್ಥನಾಗಿದ್ದಾಗ ಅವನಿಗೆ ಒಂದು ದೂರು ಬಂತು: ಕಪ್ಪು ದಾರಕ್ಕೆ ಗಾಢತೆ ಸಾಲದು ಅಂತ. ಪರೀಕ್ಷೆ ಮಾಡಿದರೆ ಬಣ್ಣದಲ್ಲಿ ದೋಷವೇ ಇಲ್ಲ. ಪಕ್ಕದಲ್ಲಿ ನೇಯ್ದ ಬಣ್ಣಗಳು ಕಪ್ಪನ್ನು ಹಾಗೆ ಕಾಣಿಸುತ್ತಿದ್ದವು. 1839ರಲ್ಲಿ ಅವನು ಇದರ ಬಗ್ಗೆ ಪುಸ್ತಕವನ್ನೇ ಬರೆದ. ಎದುರು ಬಣ್ಣಗಳು ಅಕ್ಕಪಕ್ಕ ಕೂತರೆ ಒಂದನ್ನೊಂದು ಜೋರು ಮಾಡುತ್ತವೆ. ಹಸಿರಿನ ಎದುರು ಕೆಂಪು. ತಮಾಷೆ ಅಂದರೆ, ಬಣ್ಣಕ್ಕೆ ಕೈ ಹಾಕುವ ಮೊದಲು ಅವನು ಹೆಸರು ಮಾಡಿದ್ದು ಕೊಬ್ಬು, ಎಣ್ಣೆಗಳ ಮೇಲಿನ ಕೆಲಸಕ್ಕೆ. ಕೊಬ್ಬು ಮತ್ತು ಬಣ್ಣ! ಲಿಪ್‌ಸ್ಟಿಕ್ಕಿಗೆ ಇನ್ನೇನು ಬೇಕು? 102 ವರ್ಷ ಬದುಕಿದ್ದ ಅವನನ್ನು ನನ್ನ ಕೋಣೆಯಲ್ಲಿ ಕೂರಿಸಿದ್ದರೆ ನನ್ನ ಎರಡು ಸಂಜೆ ಉಳಿಯುತ್ತಿತ್ತು.

ಇದನ್ನೆಲ್ಲ ಉತ್ಸಾಹದಿಂದ ಅಮ್ಮನಿಗೆ ವಿವರಿಸಿದೆ. ಕೇಳಿಸಿಕೊಂಡು, "ಹಾಗಾದ್ರೆ ಇನ್ನೊಂಚೂರು ಕಂದು ಹಾಕು" ಅಂದಳು. ಹಾಕಿದೆ.

ಅಷ್ಟರಲ್ಲಿ ಅಪ್ಪ ಬಾಗಿಲು ಬಡಿದರು. ಅಮ್ಮ ಕರ್ಚೀಫು ಹುಡುಕುವಷ್ಟರಲ್ಲಿ ನಾನು ಬೇಕೆಂದೇ ಚಿಲಕ ತೆಗೆದುಬಿಟ್ಟೆ. ಕನ್ನಡಕ ಹುಡುಕಿಕೊಂಡು ಬಂದಿದ್ದ ಅಪ್ಪ ಅಮ್ಮನ ಮುಖವನ್ನು ಒಂದು ಕ್ಷಣ ನೋಡಿದರು. "ಏನು, ಮಧ್ಯಾಹ್ನ ಚೆನ್ನಾಗಿ ನಿದ್ದೆ ಮಾಡಿದ್ಯಾ? ಮುಖ ಲಕಲಕ ಅಂತಿದೆ" ಅಂದರು. ಕನ್ನಡಕ ತಗೊಂಡು ಹೊರಟೇಹೋದರು.

ಅಮ್ಮ ಬಾಯಿಗೆ ಕೈ ಅಡ್ಡ ಹಿಡಿದು ನಕ್ಕಳು, ಹುಡುಗಿಯರು ನಗುವ ಹಾಗೆ. ನನಗೆ ಮಾತ್ರ ಮೈಯೆಲ್ಲ ಉರಿಯಿತು. ಮೂರು ಸಂಜೆಯ ಕೆಲಸ, ನಾಲ್ಕು ಲಿಪ್‌ಸ್ಟಿಕ್ಕಿನ ಬಲಿ, ಹೆಸರು ಬಂದದ್ದು ನಿದ್ದೆಗೆ. ಅಪ್ಪ ಕೆಟ್ಟವರಲ್ಲ. ಗೋಡೆಗೆ ಹೊಸ ಬಣ್ಣ ಹೊಡೆಸಿದರೂ ಮನೆಯಲ್ಲಿ ಬೆಳಕು ಜಾಸ್ತಿಯಾಗಿದೆ ಅನ್ನುವ ಮನುಷ್ಯ. "ನಿದ್ದೆಯಂತೆ!" ಅಂದೆ. "ಅದೇ ತಾನೇ ಬೇಕಾಗಿದ್ದು" ಅಂದಳು ಅಮ್ಮ.

ಅದೇ ತಾನೇ ಬೇಕಾಗಿದ್ದು. ರಾತ್ರಿಯಿಡೀ ಈ ಮಾತು ತಲೆಯಲ್ಲಿ ತಿರುಗಿತು. ನಾನು ಆಫೀಸಿಗೆ ಹಚ್ಚುವ ಆ ಮೂರು ಬಣ್ಣಗಳಾದರೂ ಎಂಥವು? ಮೂರೂ ಗೊತ್ತಾಗಬಾರದ ಬಣ್ಣಗಳೇ. ಹಚ್ಚಿದ್ದೀಯಾ ಅಂತ ಯಾರೂ ಕೇಳಬಾರದು, ಹಚ್ಚದೆ ಹೋದರೆ ಹುಷಾರಿಲ್ವಾ ಅಂತಲೂ ಕೇಳಬಾರದು. ಅಮ್ಮ ಚಿಲಕ ಹಾಕಿ ಪಿಸುಗುಟ್ಟಿದ್ದನ್ನು ನಾನು ಬಾಗಿಲು ತೆರೆದಿಟ್ಟು ಮಾಡುತ್ತೇನೆ. ವ್ಯತ್ಯಾಸ ಅಷ್ಟೇ.

ಚಿಲಕದ ವಿಷಯಕ್ಕೆ ಬಂದರೆ ಇನ್ನೊಂದು ನೆನಪಾಗುತ್ತದೆ, ನೆನಪಾಗದಿದ್ದರೆ ಚೆನ್ನಾಗಿತ್ತು. ಕೆಲವು ತಿಂಗಳ ಹಿಂದೆ ಒಂದು ಸಮಾರಂಭದ ಫೋಟೊಗಳನ್ನು ಎಲ್ಲರೂ ಕೂತು ನೋಡುತ್ತಿದ್ದೆವು. ಅದರಲ್ಲಿ ಅಮ್ಮನ ವಯಸ್ಸಿನವರೊಬ್ಬರು ಢಾಳಾಗಿ ಕೆಂಪು ಹಚ್ಚಿಕೊಂಡಿದ್ದರು. "ಈ ವಯಸ್ಸಲ್ಲಿ ಇದೆಲ್ಲ ಬೇಕಿತ್ತಾ?" ಅಂದಿದ್ದು ಅತ್ತಿಗೆ. ಅತ್ತಿಗೆಗೆ ಯಾರ ಮೇಲೂ ಸಿಟ್ಟಿಲ್ಲ, ಸುಮ್ನೆ ಏನಾದರೂ ಅನ್ನಬೇಕು ಅಷ್ಟೇ. ಆದರೆ ಜೋರಾಗಿ ನಕ್ಕವಳು ನಾನು. ಅಮ್ಮ ಅಲ್ಲೇ ಇದ್ದಳು. ಫೋನು ಅವಳ ಕೈಯಲ್ಲೇ ಇತ್ತು. ಬೇಗ ಮುಂದಿನ ಫೋಟೊಗೆ ಸರಿಸಿದಳಾ, ಇಲ್ಲಾ ಸ್ವಲ್ಪ ಹೊತ್ತು ಅದನ್ನೇ ನೋಡಿದಳಾ? ಎಷ್ಟು ನೆನಪಿಸಿಕೊಂಡರೂ ಆ ಒಂದು ಚೂರು ಸಿಗುತ್ತಿಲ್ಲ.

ಭಾನುವಾರ ಹೊರಡುವ ಮುಂಚೆ ತಾನೇ ಹಚ್ಚಿಕೊಂಡಳು. ಆಮೇಲೆ ಕರ್ಚೀಫಿನ ತುದಿಯನ್ನು ತುಟಿಯ ನಡುವೆ ಇಟ್ಟು ಒತ್ತಿದಳು. ನಾನು ಹೇಳಿಕೊಟ್ಟಿರಲಿಲ್ಲ. ಮೇಲಿನ ಹೊಳಪೆಲ್ಲ ಬಟ್ಟೆಗೆ ಹೋಗಿ ಕಲೆಯಂಥ ಬಣ್ಣ ಮಾತ್ರ ಉಳಿಯಿತು. ಡಬ್ಬಿಯಲ್ಲಿ ನಾನು ಮಾಡಿದ್ದಕ್ಕಿಂತ ಅದೇ ಚೆನ್ನಾಗಿತ್ತು, ಒಪ್ಪಿಕೊಳ್ಳಬೇಕು.

ಸಂಜೆ ವಾಪಸ್ ಬಂದಾಗ ಕುತೂಹಲ ತಡೆಯಲಾಗದೆ ಕೇಳಿದೆ. ಯಾರಿಗಾದ್ರೂ ಗೊತ್ತಾಯ್ತಾ?

"ಇಲ್ಲ" ಅಂದಳು. ಚಪ್ಪಲಿ ಬಿಚ್ಚಿ ಗೋಡೆ ಪಕ್ಕ ಜೋಡಿಸಿದಳು. "ಒಬ್ಬರಿಗೂ ಗೊತ್ತಾಗಲಿಲ್ಲ."

ಆ "ಒಬ್ಬರಿಗೂ" ಯಾವ ಧಾಟಿಯಲ್ಲಿ ಬಂತು ಅಂತ ಎರಡು ದಿನದಿಂದ ಯೋಚಿಸುತ್ತಿದ್ದೇನೆ. ಗೆದ್ದವಳ ಹಾಗಿತ್ತು ಅಂದುಕೊಂಡರೆ ಹಾಗೇ ಕೇಳಿಸುತ್ತದೆ. ಅಲ್ಲ ಅಂದುಕೊಂಡರೆ ಅಲ್ಲ. ತುಟಿ ಕೆಂಪಿನವಳು ಬಂದಿದ್ದಳಾ ಅಂತಲೂ ಕೇಳಿದೆ. ಬಂದಿದ್ದಳಂತೆ. "ಅವಳೂ ಹಚ್ಕೊಂಡಿದ್ಳು ಕಣೇ. ನನಗೆ ಗೊತ್ತಾಯ್ತು. ಈಗ ಗೊತ್ತಾಗುತ್ತೆ" ಅಂದಳು.

ಇವತ್ತು ಬೆಳಗ್ಗೆ ಅಮ್ಮ ಆ ಡಬ್ಬಿ ಹಿಡಿದು ನನ್ನ ಕೋಣೆಗೆ ಬಂದಳು. ಹಿಂದೆ ಬಾಗಿಲು ತೆರೆದೇ ಇತ್ತು, ಅಪ್ಪ ಹೊರಗೆ ಪೇಪರ್ ಓದುತ್ತಿದ್ದರು.

"ಇದಕ್ಕೆ ಇನ್ನೊಂಚೂರು ಕೆಂಪು ಬೆರೆಸೋಕಾಗುತ್ತಾ?"

ನೀರು ಕಾಯಲು ಇಟ್ಟಿದ್ದೇನೆ.