ದೂತ ತಡವಾಗಿ ಬಂದದ್ದು

ನಿನ್ನೆ ರಾತ್ರಿ ಉಡುಪಿ ಹತ್ತಿರದ ಒಂದು ಗದ್ದೆಯಲ್ಲಿ ಯಕ್ಷಗಾನ ಬಯಲಾಟ. ನಾನು ಅರ್ಧ ನಿದ್ದೆಯಲ್ಲಿದ್ದೆ. ಹಾಸ್ಯಗಾರ ದೂತನ ವೇಷದಲ್ಲಿ ಏದುಸಿರು ಬಿಡುತ್ತಾ ಓಡಿ ಬಂದ, ಚೆಂಡೆ ನಿಂತಿತು, ರಾಜ ಕಣ್ಣು ಕೆಂಪು ಮಾಡಿ ಕೇಳಿದ, "ಎಲ್ಲರೂ ಅಲ್ಲಿ ಯುದ್ಧ ಮಾಡುವಾಗ ನೀನೊಬ್ಬ ಓಡಿ ಬಂದೆಯಾ?"

"ಇಲ್ಲ ಸ್ವಾಮೀ, ಎಲ್ಲರೂ ಆಗಲೇ ಓಡಿದರು. ನಾನು ಸ್ವಲ್ಪ ನಿಧಾನ, ಈಗ ಬಂದು ಮುಟ್ಟಿದ್ದು."

ಇಡೀ ಗದ್ದೆ ನಕ್ಕಿತು. ನಾವೆಲ್ಲ ಹೇಡಿಯೊಬ್ಬನ ನೆಪ ಕೇಳಲು ಕಾದಿದ್ದೆವು, ಅವನು ಸೇನೆಯನ್ನೇ ಮಾಯ ಮಾಡಿಬಿಟ್ಟ. ಬಿಗಿಯಾಗಿ ಕಾದದ್ದು ತಟ್ಟನೆ ಏನೂ ಇಲ್ಲದಂತಾದಾಗ ನಗು ಬರುತ್ತದೆ ಅಂತ ಜರ್ಮನಿಯ ತತ್ವಜ್ಞಾನಿ ಕಾಂಟ್ 1790ರಲ್ಲೇ ಬರೆದಿದ್ದಾನೆ. ಪಾಪ, ಅವನಿಗೆ ಆಟ ನೋಡುವ ಯೋಗ ಇರಲಿಲ್ಲ. ಯಕ್ಷಗಾನದಲ್ಲಿ ಮಾತು ಬಾಯಿಪಾಠ ಅಲ್ಲ, ಅಲ್ಲೇ ಹುಟ್ಟುವಂಥದ್ದು ಜಾಸ್ತಿ, ಹಾಗಾಗಿ ಎದುರಿನ ರಾಜನಿಗೂ ಮುಂದೇನು ಅಂತ ಗೊತ್ತಿರುವುದಿಲ್ಲ. ನಿನ್ನೆ ಅವನೂ ಕಿರೀಟ ಸರಿಮಾಡುವ ನೆಪದಲ್ಲಿ ಮುಖ ತಿರುಗಿಸಿ ನಕ್ಕದ್ದು ನಾನು ನೋಡಿದ್ದೇನೆ.

ಬೆಳಗ್ಗೆ "ಒಂದು ಭಾರೀ ತಮಾಷೆ ಹೇಳ್ತೇನೆ" ಅಂತ ಶುರು ಮಾಡಿ ಅಮ್ಮನಿಗೆ ಹೇಳಿದೆ. ಅಲ್ಲೇ ಕೆಟ್ಟಿತು, ಅಲ್ವಾ? ಅಮ್ಮ ಕಾಯಿ ತುರಿಯುತ್ತಾ ಪೂರ್ತಿ ಕೇಳಿ, ಸ್ವಲ್ಪ ಹೊತ್ತು ಬಿಟ್ಟು ಹೇಳಿದರು, "ಪಾಪ, ಅವನಿಗೆ ಗಂಟುನೋವು ಇರ್ಬೇಕು."