ಹಿಮದ ಭಾನುವಾರಕ್ಕೆ ಹಂದಿಮಾಂಸ

ಒಹಾಯೊದಲ್ಲಿ ಹಿಮ ಬೀಳತೊಡಗಿದರೆ ನಮ್ಮ ಮನೆಯ ಸ್ಲೋ ಕುಕರ್, ಅಂದರೆ ಸಣ್ಣ ಶಾಖದಲ್ಲಿ ಗಂಟೆಗಟ್ಟಲೆ ಬೇಯಿಸುವ ವಿದ್ಯುತ್ ಪಾತ್ರೆ, ಕಪಾಟಿನಿಂದ ಇಳಿಯುತ್ತದೆ. ನಾನು ತರುವುದು ಒಂದೂವರೆ ಕಿಲೋ ಭುಜದ ಮಾಂಸ, ಮೂಳೆಸಹಿತ. ಬೆನ್ನಿನ ಮಾಂಸದಲ್ಲಿ ಕೊಬ್ಬು ಕಡಿಮೆ. ಅದನ್ನು ಇದರಲ್ಲಿ ಗಂಟೆಗಟ್ಟಲೆ ಬೇಯಿಸಿದರೆ ಒಣಗಿ ನಾರಾಗುತ್ತದೆ.

ಹಿಂದಿನ ರಾತ್ರಿಯೇ ಉಪ್ಪು, ಕರಿಮೆಣಸಿನ ಪುಡಿ ತಿಕ್ಕಿ ಫ್ರಿಜ್‌ನಲ್ಲಿಡುತ್ತೇನೆ. ಬೆಳಿಗ್ಗೆ ಕಬ್ಬಿಣದ ಬಾಣಲೆಯಲ್ಲಿ ಎಲ್ಲ ಮಗ್ಗುಲೂ ಕಂದುಬಣ್ಣಕ್ಕೆ ತಿರುಗುವ ತನಕ ಹುರಿಯುತ್ತೇನೆ. ದಯವಿಟ್ಟು ಈ ಹತ್ತು ನಿಮಿಷ ಉಳಿಸಲು ಹೋಗಬೇಡಿ. ಕುಕರ್‌ನ ಹಬೆ ಮಾಂಸವನ್ನು ಬೇಯಿಸುತ್ತದೆಯೇ ಹೊರತು ಹುರಿದ ಘಮ ಕೊಡುವುದಿಲ್ಲ.

ಆಲೂಗಡ್ಡೆ, ಕ್ಯಾರೆಟ್ ದಪ್ಪ ಹೋಳುಗಳಾಗಿ ತಳಕ್ಕೆ. ಗಡ್ಡೆಗಳು ಬೇಯುವುದು ನಿಧಾನ. ಮೇಲೆ ಈರುಳ್ಳಿ, ಬೆಳ್ಳುಳ್ಳಿ, ಮಾಂಸ, ಅರ್ಧ ಲೋಟ ನೀರು. ಕಡಿಮೆ ಶಾಖದಲ್ಲಿ 8 ಗಂಟೆ. ನಡುವೆ ಮುಚ್ಚಳ ತೆಗೆದರೆ ಒಳಗಿನ ಬಿಸಿಯೆಲ್ಲ ಹೊರಟುಹೋಗುತ್ತದೆ.

ಹಂದಿಯ ಇಡೀ ತುಂಡಿನ ಒಳಭಾಗ 63 ಡಿಗ್ರಿ ಸೆಲ್ಸಿಯಸ್ ಮುಟ್ಟಿ ಮೂರು ನಿಮಿಷ ಕಳೆದರೆ ತಿನ್ನಲು ಸುರಕ್ಷಿತ. ಆದರೆ ಭುಜದ ಗಟ್ಟಿ ಅಂಗಾಂಶ ಚೆನ್ನಾಗಿ ಕರಗಿ ಮೆತ್ತನೆಯ ಜೆಲಟಿನ್ ಆಗಲು ಸುಮಾರು 90 ಡಿಗ್ರಿ ಮುಟ್ಟಬೇಕು, ಅದೂ ನಿಧಾನವಾಗಿ. ಆಗ ಮೂಳೆಯನ್ನು ಎರಡು ಬೆರಳಲ್ಲಿ ಹಿಡಿದು ಎಳೆದರೆ ಚೂರೂ ಮಾಂಸ ಅಂಟದೆ ಬಿಳಿಯಾಗಿ ಈಚೆ ಬರುತ್ತದೆ.

ಕೊನೆಗೆ ರಸಕ್ಕೆ ಒಂದು ಚಮಚ ಕಾಚಂಪುಳಿ, ಅಂದರೆ ಹುಳಿಹಣ್ಣಿನಿಂದ ಮಾಡುವ ಕೊಡಗಿನ ವಿನೆಗರ್, ಹಾಕುತ್ತೇನೆ. ಮಡಿಕೇರಿಯಿಂದ ಅವ್ವ ಕಳುಹಿಸಿದ ಬಾಟಲಿ, ಡಾಂಬರಿನಂತೆ ಕಪ್ಪು, ದಪ್ಪ. ಕೊಬ್ಬಿನ ಜಿಡ್ಡನ್ನು ಕತ್ತರಿಸುವ ಆ ಹುಳಿ ನಿಂಬೆಗೂ ಇಲ್ಲ, ಇಲ್ಲಿನ ಸೇಬಿನ ವಿನೆಗರ್‌ಗೂ ಇಲ್ಲ. ಬಾಟಲಿಯಲ್ಲಿ ಇನ್ನು ನಾಲ್ಕು ಬೆರಳಷ್ಟು ಉಳಿದಿದೆ.